ಖೈರುಲ್ಲಾ ಕೊಟ್ಟುಬಿಟ್ಟ ಹೆಸರು

ನಮ್ಮ ಮೇಬೋದ್ ಊರಿನ ದಫ್ತರವನ್ನು ಮೊದಲ ಪುಟದಿಂದ ಕೊನೆಯ ಪುಟದವರೆಗೆ ತಿರುವಿ ಹಾಕಿದರೂ 'ಪೇಶ್‌ಕಶ್' ಎಂಬ ಮನೆತನ ಒಂದೇ ಒಂದು ಸಿಗುತ್ತದೆ. ಯಜ್ದಿನಿಂದಲೋ ಇಸ್ಫಹಾನಿನಿಂದಲೋ ಬಂದವರು ಆ ಹೆಸರು ಕೇಳಿದೊಡನೆ ಮೀಸೆಯಡಿಯಲ್ಲಿ ನಗುತ್ತಾರೆ. ಅವರನ್ನು ದೂರಲಾಗದು. ಸಿಂಹವೆಂದೂ ಶೂರನೆಂದೂ ಬೆಟ್ಟವೆಂದೂ ಹೆಸರಿಟ್ಟುಕೊಂಡ ಮನೆಗಳ ನಡುವೆ ಒಂದು ಮನೆ ಮಾತ್ರ 'ಇಗೋ, ಇದು ನಿಮ್ಮದೇ, ತೆಗೆದುಕೊಳ್ಳಿ' ಎಂಬ ಅರ್ಥದ ಹೆಸರನ್ನು ಹೊತ್ತು ಕುಳಿತಿದ್ದರೆ ಯಾರಿಗೆ ನಗು ಬಾರದು? ಆ ಹೆಸರು ಬಂದ ದಿನ ನಾನು ಅಲ್ಲಿಯೇ ಇದ್ದೆ. ಆದ್ದರಿಂದ ಅದನ್ನು ಇದ್ದಂತೆ ಬರೆದಿಡುವುದು ನನ್ನ ಕರ್ತವ್ಯವೆಂದು ತಿಳಿದಿದ್ದೇನೆ.

ನಾನು ನೂಲಿಗೆ ಬಣ್ಣ ಹಾಕುವವನು. ಗುರುವಾರ ಸಂಜೆ ಯಾರಾದರೂ ಕರೆದರೆ ಅವರ ಅಂಗಳದಲ್ಲಿ ಕುಳಿತು ಕರ್ಬಲೆಯ ದುಃಖವನ್ನು ಹೇಳಿ, ನಾಲ್ಕು ಹಿತದ ಮಾತನ್ನಾಡಿ, ಒಂದು ಲೋಟ ಚಹಾ ಕುಡಿದು ಬರುತ್ತೇನೆ. ಮದರಸೆಯಲ್ಲಿ ಕಲಿತ ಪಂಡಿತ ನಾನಲ್ಲ. ಆದರೂ ಜನ ಪ್ರೀತಿಯಿಂದ ಮುಲ್ಲಾ ಎನ್ನುತ್ತಾರೆ; ಮೊಣಕೈವರೆಗೆ ನೀಲಿಯಾದ ನನ್ನ ಕೈಗಳು ಪ್ರಾರ್ಥನೆಗೆ ಮೇಲೆದ್ದಾಗ ಹಿಂದಿನ ಸಾಲಿನಲ್ಲಿ ನಗುತ್ತಾರೆ ಕೂಡ. ದೇವರು ಬಣ್ಣ ನೋಡುವುದಿಲ್ಲವೆಂಬ ಧೈರ್ಯ ನನ್ನದು.

ನಾನು ಬಣ್ಣ ಹಾಕಿದ ನೂಲು ಹೋಗುತ್ತಿದ್ದುದು ಉಸ್ತಾದ್ ಖೈರುಲ್ಲಾ ಅವರ ಮಗ್ಗಕ್ಕೆ. ಅವರು ಜೀಲೂ ನೇಯುವವರು. ಜೀಲೂ ಎಂದರೆ ಹತ್ತಿಯ ನೆಲಹಾಸು. ನಮ್ಮ ಕಡೆಯ ಮಸೀದಿಗಳಲ್ಲಿ ಹಣೆ ತಾಗುವುದು ಇದಕ್ಕೇ. ಮಸೀದಿಗೆ ನೇಯುವುದಾದರೆ ನೀಲಿ ಮತ್ತು ಬಿಳಿ, ಬೇರೆ ಬಣ್ಣವಿಲ್ಲ. ಅಂಚಿನಲ್ಲಿ ದಾನ ಕೊಟ್ಟವರ ಹೆಸರು ದೊಡ್ಡದಾಗಿ, ಮೂಲೆಯಲ್ಲಿ ನೇಯ್ದವನ ಹೆಸರು ಸಣ್ಣದಾಗಿ ಬರುತ್ತದೆ. ಖೈರುಲ್ಲಾ ಅವರ ಮುತ್ತಜ್ಜ ನೇಯ್ದ ಜೀಲೂ ಇಂದಿಗೂ ಜುಮ್ಮಾ ಮಸೀದಿಯಲ್ಲಿದೆ. ನಾಲ್ಕು ತಲೆಮಾರಿನ ಮೊಣಕಾಲುಗಳು ಅದನ್ನು ಸವೆಸಿದರೂ ಆ ಮೂಲೆಯ ಅಕ್ಷರಗಳು ಅಳಿದಿಲ್ಲ.

ಕೆಲಸದಲ್ಲಿ ಖೈರುಲ್ಲಾ ಅವರಿಗೆ ಸಮಾನರಿರಲಿಲ್ಲ. ವಿನಯದಲ್ಲಿ ಅವರಿಗೆ ಸಮಾನರಿರಲು ಸಾಧ್ಯವೇ ಇರಲಿಲ್ಲ. ನಾವೆಲ್ಲರೂ ಬಾಗಿಲಲ್ಲಿ 'ನೀವು ಮುಂದೆ' ಎನ್ನುವವರೇ. ಎರಡು ಸಲ ಅಂದು, ಮೂರನೆಯ ಸಲಕ್ಕೆ ಒಳಗೆ ಹೋಗಿಬಿಡುತ್ತೇವೆ. ಖೈರುಲ್ಲಾ ಅವರಿಗೆ ಮಾತ್ರ ಆ ಎಣಿಕೆ ಗೊತ್ತಿರಲಿಲ್ಲ. ಒಮ್ಮೆ ಅವರೂ ಅವರಷ್ಟೇ ಸಭ್ಯರಾದ ಅವರ ಷಡ್ಡಕರೂ ಹಮಾಮಿನ ಬಾಗಿಲಲ್ಲಿ ಎದುರಾಗಿ, ಒಬ್ಬರನ್ನೊಬ್ಬರು ಒಳಗೆ ಕಳಿಸಲು ಯತ್ನಿಸುತ್ತಿರುವಾಗಲೇ ಗಂಡಸರ ಹೊತ್ತು ಮುಗಿದು ಹೆಂಗಸರ ಹೊತ್ತು ಶುರುವಾಯಿತು; ಇಬ್ಬರೂ ಕೊಳೆಯೊಂದಿಗೇ ಮನೆಗೆ ಮರಳಿದರು. ಅವರ ಕತ್ತೆಯನ್ನು ಯಾರಾದರೂ ಹೊಗಳಿದರೆ, "ಪೇಶ್‌ಕಶ್, ಕತ್ತೆ ನಿಮ್ಮದೇ." ಟೊಪ್ಪಿಗೆಯನ್ನು ಹೊಗಳಿದರೆ, ಟೊಪ್ಪಿಗೆ ನಿಮ್ಮದೇ. ದಾಳಿಂಬೆ ಗಿಡವನ್ನು ಹೊಗಳಿದರೆ, ಬೇರು ಸಮೇತ ನಿಮ್ಮದೇ. ಕೇಳಿದವರು ಎದೆಗೆ ಕೈಯಿಟ್ಟು, "ಒಡೆಯನ ಹತ್ತಿರವೇ ಇದ್ದರೆ ಅದಕ್ಕೆ ಶೋಭೆ" ಎಂದು ಮುಂದೆ ಹೋಗುತ್ತಿದ್ದರು. ಇದು ನಮ್ಮ ರೀತಿ. ಕೊಡುವವನೂ ಕೊಡುವುದಿಲ್ಲ, ತೆಗೆದುಕೊಳ್ಳುವವನೂ ತೆಗೆದುಕೊಳ್ಳುವುದಿಲ್ಲ, ಇಬ್ಬರ ಮನಸ್ಸೂ ತಂಪಾಗಿರುತ್ತದೆ.

ಒಬ್ಬರು ಮಾತ್ರ ತೆಗೆದುಕೊಂಡಿದ್ದರು.

ಅವರು ಖಾಲಾ ಸಫಿಯ್ಯೆ, ಓಣಿಗೆಲ್ಲ ಚಿಕ್ಕಮ್ಮ. ಗಂಡನಿಲ್ಲ, ಮಕ್ಕಳಿಲ್ಲ, ಕಣ್ಣಿಗೆ ಬೆಳಕೂ ಇಲ್ಲ. ಆದರೆ ಕೈಗೆ ಕದಿರು ಸಿಕ್ಕಿತೆಂದರೆ ಅವರು ನೂಲುವ ಎಳೆಗೆ ಸಾಟಿಯಿಲ್ಲ. ಒಂದು ಚಳಿಗಾಲದಲ್ಲಿ ಅವರ ಮಣ್ಣಿನ ಗುಮ್ಮಟ ಕುಸಿಯಿತು. ಓಣಿಯಲ್ಲಿ ನಿಂತು ಖೈರುಲ್ಲಾ ತಮ್ಮ ಅಭ್ಯಾಸದಂತೆ, "ಖಾಲಾ, ನಮ್ಮ ಮನೆ ನಿಮ್ಮದೇ ಅಲ್ವಾ" ಎಂದರು. ಮರುದಿನ ಬೆಳಗ್ಗೆ ಖಾಲಾ ಗಂಟು, ಕದಿರು ಮತ್ತು ಒಂದು ಕೋಳಿಯೊಂದಿಗೆ ಬಂದು ಬಾಗಿಲು ತಟ್ಟಿದರು. ಖೈರುಲ್ಲಾ ಅವರ ಹೆಂಡತಿ ಗುಲಾಬತೂನ್ ಮೂರು ದಿನ ಗಂಡನೊಡನೆ ಮಾತಾಡಲಿಲ್ಲ. ನಾಲ್ಕನೆಯ ದಿನ ತಾವೇ ಖಾಲಾ ಅವರ ಕೋಳಿಗೆ ಕಾಳು ಹಾಕುತ್ತಿದ್ದರು. ಅಂಗಳದಾಚೆಯ ಕೋಣೆ ಖಾಲಾ ಅವರದಾಯಿತು. ಆದರೂ ಆ ಮುದುಕಿ ಗಂಟನ್ನು ಪೂರ್ತಿ ಬಿಚ್ಚಿರಲಿಲ್ಲ. ಅರ್ಧ ಕಟ್ಟಿದ ಗಂಟು ಎರಡು ವರ್ಷದಿಂದಲೂ ಬಾಗಿಲ ಪಕ್ಕದಲ್ಲಿಯೇ ಇತ್ತು. ಯಾರಾದರೂ ಕೇಳಿದರೆ, "ಮಾತಿನ ಮೇಲೆ ಕೂತಿದ್ದೀನಪ್ಪ, ಗೋಡೆ ಮೇಲಲ್ಲ. ಮಾತು ಹೋದ್ರೆ ನಾನೂ ಹೊರಟೆ" ಎನ್ನುತ್ತಿದ್ದರು.

ಹೀಗಿರುವಾಗ ಟೆಹರಾನಿನಿಂದ ಕಾನೂನು ಬಂತು. ಇನ್ನು ಮೇಲೆ ಇಂಥವನ ಮಗ ಇಂಥವನು ಎಂದರೆ ಸಾಲದು. ಪ್ರತಿ ಮನೆಗೂ ಒಂದು ಮನೆತನದ ಹೆಸರು ಬೇಕು. ಒಂದು ಊರಿನ ದಫ್ತರದಲ್ಲಿ ಒಂದು ಹೆಸರು ಒಂದೇ ಮನೆಗೆ. ಮೊದಲು ಬರೆಸಿದವನಿಗೆ ಮೊದಲ ಹಕ್ಕು. ಗುಮಾಸ್ತ ಮಿರ್ಜಾ ಯದುಲ್ಲಾ ಎಂಬವರು ಬಂದು ಹಳೆಯ ಮುಸಾಫಿರಖಾನೆಯ ಒಂದು ಕಮಾನಿನ ಕೆಳಗೆ ಮೇಜು ಹಾಕಿಕೊಂಡು ಕುಳಿತರು. ತಬ್ರೀಜ್ ಕಡೆಯವರು, ಮಾತು ಕಡಿಮೆ. ಕೇಳಿದ್ದನ್ನು ಬರೆಯುವುದು, ಬರೆದದ್ದರ ಮೇಲೆ ಮರಳು ಉದುರಿಸಿ ಒಣಗಿಸುವುದು, ಇಷ್ಟೇ ಅವರ ಧರ್ಮ.

ಆ ವಾರ ನಮ್ಮ ಊರಿನಲ್ಲಿ ಹಬ್ಬಕ್ಕಿಂತ ಹೆಚ್ಚಿನ ಗದ್ದಲ. ಊರ ಬಾವಿಯಾಚೆಗೆ ಹೋಗದ ಒಬ್ಬರು 'ಜಗತ್ತನ್ನು ಸುತ್ತಿದವನು' ಎಂಬ ಹೆಸರು ಬರೆಸಿದರು. ಕ್ಷೌರಿಕ ನೌರೂಜ್, ತನ್ನದೇ ಕತ್ತಿಯಿಂದ ಬೆರಳು ಕೊಯ್ದುಕೊಂಡು ಮೂರ್ಛೆ ಹೋದ ಮಹಾನುಭಾವ, 'ಶೂರ' ಎಂದು ಬರೆಸಿಕೊಂಡು ಬಂದ. ನಾನು, ಕೈ ನೋಡಿದ ಮೇಲೆ ಬೇರೆ ದಾರಿಯಿಲ್ಲದೆ, 'ಬಣ್ಣಗಾರ'ನಾದೆ.

ನೇಕಾರರದೇ ಕಷ್ಟ. ಹನ್ನೊಂದು ಮಗ್ಗದ ಹನ್ನೊಂದು ಮನೆಯವರಿಗೂ ಬೇಕಾದದ್ದು ಒಂದೇ ಹೆಸರು: ಜೀಲೂಬಾಫ್, ಜೀಲೂ ನೇಯುವವನು. ಅವರೆಲ್ಲರೂ ಖೈರುಲ್ಲಾ ಅವರ ಕಾರ್ಖಾನೆಯಲ್ಲಿ ಸೇರಿ, ಬೆಳಗ್ಗೆಯಿಂದ ಮಧ್ಯಾಹ್ನದವರೆಗೆ ಆ ಹೆಸರನ್ನು ಒಬ್ಬರಿಗೊಬ್ಬರು ಬಿಟ್ಟುಕೊಟ್ಟು ದಣಿದು, ಕಡೆಗೆ ಹಿರಿಯ ಮಗ್ಗ ಖೈರುಲ್ಲಾ ಅವರದೇ ಆದ್ದರಿಂದ ಹೆಸರೂ ಅವರಿಗೇ ಸಲ್ಲಬೇಕೆಂದು ತೀರ್ಮಾನಿಸಿದರು. ಉಳಿದ ಹತ್ತು ಮಂದಿ ತಂದೆಯ ಹೆಸರನ್ನೋ ಓಣಿಯ ಹೆಸರನ್ನೋ ಬರೆಸಲು ಒಪ್ಪಿದರು. ಹೀಗಾಗಿ ಆ ಹೆಸರು ಖೈರುಲ್ಲಾ ಅವರ ಸ್ವಂತ ಆಸೆ ಮಾತ್ರವಾಗಿ ಉಳಿಯಲಿಲ್ಲ; ಹತ್ತು ಮನೆಗಳು ನಂಬಿ ಕೈಗಿತ್ತ ಒಡವೆಯಾಯಿತು. ಮುತ್ತಜ್ಜನ ಜೀಲೂವಿನ ಮೂಲೆಯಲ್ಲಿ 'ಜೀಲೂಬಾಫ್' ಎಂಬ ಅಕ್ಷರಗಳನ್ನು ಕಂಡು ಬೆಳೆದ ಮನುಷ್ಯನಿಗೆ ಅದಕ್ಕಿಂತ ದೊಡ್ಡ ಐಶ್ವರ್ಯ ಇನ್ನೇನಿತ್ತು?

ಗುಲಾಬತೂನ್ ತಮ್ಮ ಗಂಡನನ್ನು ಬಲ್ಲವರು. ಬರೆಸಲು ಹೋಗುವ ಬೆಳಗ್ಗೆ ಬಾಗಿಲಿಗೆ ಅಡ್ಡ ನಿಂತರು. ನೂಲು ಒಪ್ಪಿಸಲು ಹೋಗಿದ್ದ ನಾನು ಸಾಕ್ಷಿಯಾಗಬೇಕಾಯಿತು.

"ರೀ, ಇಲ್ನೋಡಿ. ಮಧ್ಯಾಹ್ನದ ಬಾಂಗ್ ಆಗೋವರೆಗೂ 'ನೀವು ಮುಂದೆ' ಅನ್ನೋ ಮಾತು ನಿಮ್ಮ ಬಾಯಿಂದ ಬರಕೂಡದು. ಆಣೆ ಮಾಡಿ."

"ಇದೇನೇ ಇದು, ಹಿರಿಯರು ಯಾರಾದ್ರೂ ಬಂದ್ರೆ?"

"ಹಿರಿಯರು ಬರಲಿ, ಪೈಗಂಬರರ ವಂಶದವರೇ ಬರಲಿ. ನೀವು ಹಮಾಮಿಗೆ ಹೋಗಿ ಸ್ನಾನ ಮಾಡದೆ ಬಂದವರು. ಹೆಸರಿಗೆ ಹೋಗಿ ಹೆಸರಿಲ್ಲದೆ ಬಂದ್ರೆ ನಾನು ತವರಿಗೆ ಹೋಗ್ತೀನಿ. ಮಗ್ಗದ ಮೇಲೆ ಕೈಯಿಟ್ಟು ಆಣೆ ಮಾಡಿ. ಮುಲ್ಲಾ, ನೀವೂ ಕೇಳಿಸ್ಕೊಳ್ಳಿ."

ಖೈರುಲ್ಲಾ ಮಗ್ಗದ ಮೇಲೆ ಕೈಯಿಟ್ಟು ಆಣೆ ಮಾಡಿದರು. ಖಾಲಾ ಸಫಿಯ್ಯೆಯವರನ್ನೂ ಜೊತೆಗೆ ಕರೆದುಕೊಂಡರು. ದಿಕ್ಕಿಲ್ಲದ ವಿಧವೆಯರೂ ಸ್ವತಃ ಬಂದು ಹೆಸರು ಬರೆಸಬೇಕೆಂದು ಆಜ್ಞೆಯಾಗಿತ್ತು. ಖಾಲಾ ಖೈರುಲ್ಲಾ ಅವರ ತೋಳನ್ನು ಹಿಡಿದರು, ಖೈರುಲ್ಲಾ ನನ್ನ ಪಕ್ಕದಲ್ಲಿ ನಡೆದರು. ಕೊಡೆಯಿಲ್ಲದೆ ಮಳೆಗೆ ಸಿಕ್ಕವರಂತೆ ತಲೆ ತಗ್ಗಿಸಿ, ಯಾರ ಮುಖವನ್ನೂ ನೋಡದೆ ನಡೆದರು. ನೋಡಿದರೆ ಬಾಯಿಂದ ಆ ಮಾತು ಹೊರಟುಬಿಡುವುದೆಂಬ ಭಯ.

ಅಲ್ಲಾಹನ ದಯೆಯಿಂದ ಮುಸಾಫಿರಖಾನೆಯ ಬಾಗಿಲನ್ನು ಅವರು ಮೊದಲಾಗಿ ದಾಟಿದರು. ನಲವತ್ತು ವರ್ಷಗಳಲ್ಲಿ ಖೈರುಲ್ಲಾ ಒಂದು ಬಾಗಿಲನ್ನು ಇನ್ನೊಬ್ಬರಿಗಿಂತ ಮೊದಲು ದಾಟಿದ್ದು ಅದೇ ಪ್ರಥಮ. ಹಿಂದೆ ಉಳಿದವರು ಹಾಜಿ ಬರಾತ್. ಅವರು ಜೀಲೂಗಳನ್ನು ಒಂಟೆಗಳ ಮೇಲೆ ಹೇರಿ ಯಜ್ದಿಗೂ ಕೆರ್ಮಾನಿಗೂ ಸಾಗಿಸುವ ವ್ಯಾಪಾರಿ. ಮನುಷ್ಯ ಕೆಟ್ಟವರಲ್ಲ. ಒಳ್ಳೆಯ ವಸ್ತುವನ್ನು ಕಂಡರೆ ಅವರ ಕೈ ತಾನಾಗಿ ಮುಂದೆ ಹೋಗುತ್ತಿತ್ತು, ಅಷ್ಟೇ. 'ವ್ಯಾಪಾರಿ' ಎಂಬ ಹೆಸರನ್ನು ಹಿಂದಿನ ದಿನವೇ ಇನ್ನೊಬ್ಬರು ಬರೆಸಿಕೊಂಡಿದ್ದರಿಂದ ಅವರು ಹೆಸರಿಲ್ಲದೆ, ಮುಖ ಹುಳಿ ಮಾಡಿಕೊಂಡು ನಿಂತಿದ್ದರು.

ಗುಮಾಸ್ತರು ಲೇಖನಿಯನ್ನು ಮಸಿಯಲ್ಲಿ ಅದ್ದಿದರು. "ಹೆಸರು?"

"ಖೈರುಲ್ಲಾ. ತಂದೆ ಉಸ್ತಾದ್ ರಜಬ್."

"ಮನೆತನ?"

ಖೈರುಲ್ಲಾ ಬೆನ್ನು ನೆಟ್ಟಗೆ ಮಾಡಿದರು. ಕಾರ್ಖಾನೆಯಲ್ಲಿ ಬಗ್ಗಿ ಬಗ್ಗಿ ಬಾಗಿದ ಬೆನ್ನು ಅಷ್ಟು ನೆಟ್ಟಗಾದುದನ್ನು ನಾನು ಕಂಡಿರಲಿಲ್ಲ. "ಜೀಲೂಬಾಫ್" ಎಂದರು.

ಹಿಂದಿನಿಂದ ಹಾಜಿ ಬರಾತರ ಧ್ವನಿ ಕೇಳಿಸಿತು. "ಬಾರಕಲ್ಲಾ ಉಸ್ತಾದ್! ಎಂಥಾ ಹೆಸರು ಮಾರಾಯ್ರೆ! ಕೇಳಿದ್ರೆ ಕಿವಿ ತಂಪಾಗುತ್ತೆ. ಊರಿಗೇ ಇಂಥ ಹೆಸರಿಲ್ಲ."

ಗುಲಾಬತೂನ್ ಎಲ್ಲ ದಾರಿಗಳನ್ನೂ ಮುಚ್ಚಿದ್ದರು, ಒಂದನ್ನು ಬಿಟ್ಟು. 'ನೀವು ಮುಂದೆ' ಎನ್ನಬಾರದೆಂದು ಆಣೆಯಿತ್ತೇ ಹೊರತು, ಹೊಗಳಿದವನಿಗೆ ಉತ್ತರ ಕೊಡಬಾರದೆಂದು ಇರಲಿಲ್ಲ. ಖೈರುಲ್ಲಾ ಹಿಂದಕ್ಕೆ ತಿರುಗಿದರು, ಎದೆಗೆ ಕೈಯಿಟ್ಟರು, ಮುಗುಳ್ನಕ್ಕರು.

"ಪೇಶ್‌ಕಶ್, ಹಾಜಿ. ನಿಮಗಿಂತ ಹೆಚ್ಚಾ? ನಿಮ್ಮದೇ ಅಂದ್ಕೊಳ್ಳಿ."

ಈಗ ಹಾಜಿ 'ಒಡೆಯನ ಹತ್ತಿರವೇ ಇದ್ದರೆ ಶೋಭೆ' ಎನ್ನಬೇಕು. ಅಂಗಳದಲ್ಲಿದ್ದ ಪ್ರತಿಯೊಬ್ಬರ ಕಿವಿಯೂ ಆ ಮಾತಿಗಾಗಿ ಕಾದಿತ್ತು. ಅದು ಬರುತ್ತದೆಂದು ಎಷ್ಟು ಖಚಿತವಾಗಿತ್ತೆಂದರೆ ಕೆಲವರು ಕೇಳುವ ಮೊದಲೇ ತಲೆಯಾಡಿಸಿಬಿಟ್ಟರು. ಹಾಜಿ ಬಾಯಿ ತೆರೆದರು, ಮುಚ್ಚಿದರು, ಮತ್ತೆ ತೆರೆದರು.

"ಒಪ್ಕೊಂಡೆ" ಎಂದರು.

ಆಡುತ್ತಿದ್ದ ತಲೆಗಳು ಅರ್ಧಕ್ಕೇ ನಿಂತವು.

"ಏನಂದ್ರಿ?" ಎಂದ ಕ್ಷೌರಿಕ ನೌರೂಜ್.

"ಕೊಟ್ರು, ಒಪ್ಕೊಂಡೆ. ಇಷ್ಟು ಜನ ಕೇಳಿದ್ದೀರಿ. ಮಿರ್ಜಾ, ನೀವೂ ಕೇಳಿದ್ರಿ ತಾನೆ?"

"ಕೇಳಿದೆ" ಎಂದರು ಗುಮಾಸ್ತರು.

"ಅಯ್ಯೋ ಹಾಜಿ, ನಾಚಿಕೆ ಆಗಲ್ವಾ? ಮೊನ್ನೆ ಅವರು ನನಗೆ ಕತ್ತೆ ಕೊಟ್ರು, ನಾನು ಹೊಡ್ಕೊಂಡು ಹೋದ್ನಾ?" ಎಂದು ನೌರೂಜ್ ಕೂಗಿದ. "ನೀವು ಜನ್ಮದಲ್ಲಿ ಒಂದು ಹೊಕ್ಕು ಹಾಕಿದವರಲ್ಲ! ಮಗ್ಗದ ಮುಂಭಾಗ ಯಾವುದು, ಹಿಂಭಾಗ ಯಾವುದು, ಹೇಳಿ ನೋಡೋಣ!"

"ನೀನು ಶೂರ ಆಗಬಹುದು, ನಾನು ಜೀಲೂಬಾಫ್ ಆಗಬಾರದಾ?"

ಹಾಜಿ ನನ್ನ ಕಡೆ ತಿರುಗಿದರು. "ಮುಲ್ಲಾ, ನೀವೇ ಹೇಳಿ. ಮನುಷ್ಯ ನಾಲಿಗೆಯಿಂದ ಆಡಿದ ಮಾತಿಗೆ ಬೆಲೆ ಇದೆಯೋ ಇಲ್ವೋ? ಹೋದ ಗುರುವಾರ ನೀವೇ ಹೇಳಿದ್ರಿ, ಪ್ರತಿ ಮಾತನ್ನೂ ದೇವದೂತರು ಬರ್ಕೊಳ್ತಾರೆ ಅಂತ."

ಹೌದು, ಹೇಳಿದ್ದೆ. ಹೇಳಿದ ಮಾತು ಹೇಳಿದವನ ಕಾಲಿಗೇ ತೊಡರುವುದು ಪ್ರವಚನಕಾರರ ಪಾಲಿಗೆ ಹೊಸದಲ್ಲ. ಮನಸ್ಸಿಲ್ಲದೆ ಕೊಟ್ಟದ್ದು ಕೊಟ್ಟಂತಲ್ಲ. ಇದು ಎಲ್ಲರೂ ಬಲ್ಲ ನ್ಯಾಯ. ಖೈರುಲ್ಲಾ 'ಬರಿಯ ಬಾಯಿಮಾತಿಗೆ ಅಂದೆ' ಎಂದು ಒಂದು ಸಲ ಹೇಳಿದ್ದರೆ ಸಾಕಿತ್ತು. ಹೆಸರು ಅವರದಾಗಿ ಉಳಿಯುತ್ತಿತ್ತು, ಹಾಜಿ ತಲೆ ತಗ್ಗಿಸಿ ಮನೆಗೆ ಹೋಗುತ್ತಿದ್ದರು. ಆದ್ದರಿಂದ ನಾನು ಆ ಬಾಗಿಲನ್ನು ಅವರಿಗಾಗಿ ಅಗಲವಾಗಿ ತೆರೆದಿಟ್ಟೇ ಕೇಳಿದೆ: "ಉಸ್ತಾದ್, ನೀವು ಕೊಟ್ಟದ್ದು ಮನಸಾರೆನೋ? ಅಥವಾ ಎಲ್ಲರೂ ಅನ್ನೋ ಹಾಗೆ ಸುಮ್ನೆ ಅಂದ್ರೋ? ಯೋಚನೆ ಮಾಡಿ ಹೇಳಿ."

ಖೈರುಲ್ಲಾ ಬಾಯಿ ತೆರೆದರು. 'ಸುಮ್ನೆ' ಎಂಬ ಮಾತು ಅವರ ತುಟಿಯವರೆಗೆ ಬಂದಿತ್ತೆಂದು ನಾನು ಪ್ರಮಾಣ ಮಾಡಿ ಹೇಳಬಲ್ಲೆ. ಅದೇ ಕ್ಷಣದಲ್ಲಿ ಖಾಲಾ ಸಫಿಯ್ಯೆಯವರ ಕೈ ಅವರ ತೋಳನ್ನು ಬಿಟ್ಟಿತು.

ಆ ಮುದುಕಿ ಕಾಣದ ಕಣ್ಣುಗಳನ್ನು ನೆಲಕ್ಕೆ ನೆಟ್ಟು, ಬಿಟ್ಟ ಕೈಯನ್ನು ಚಾದರದೊಳಗೆ ಎಳೆದುಕೊಂಡು, ಅರ್ಧ ಹೆಜ್ಜೆ ಹಿಂದೆ ಸರಿದು ನಿಂತರು. 'ನಮ್ಮ ಮನೆ ನಿಮ್ಮದೇ' ಎಂದವರೂ ಇದೇ ಖೈರುಲ್ಲಾ. ಇದೇ ನಗುವಿನೊಂದಿಗೆ, ಇದೇ ರೀತಿ ಎದೆಗೆ ಕೈಯಿಟ್ಟು. ಇಂದಿನ ಮಾತು ಸುಮ್ಮನೆ ಆಡಿದ್ದಾದರೆ ಅಂದಿನದು ಏನು? ಬಾಗಿಲ ಪಕ್ಕದ ಗಂಟನ್ನು ಸಂಜೆಯೊಳಗೆ ಬಿಗಿಯಲು ಆಕೆಗೆ ಹೆಚ್ಚು ಹೊತ್ತು ಬೇಡ.

ಖೈರುಲ್ಲಾ ತಮ್ಮ ಖಾಲಿ ತೋಳನ್ನು ನೋಡಿದರು. ಹಾಜಿಯನ್ನು ನೋಡಿದರು. ಉಳಿದ ಹತ್ತು ಮಗ್ಗದವರಲ್ಲಿ ಅಲ್ಲಿದ್ದ ಮೂವರನ್ನು ನೋಡಿದರು. ಅವರ ಕಣ್ಣುಗಳು 'ಬೇಡ ಉಸ್ತಾದ್, ಬೇಡ' ಎಂದು ಬೇಡುತ್ತಿದ್ದವು.

"ಕೊಟ್ಟೆ" ಎಂದರು. "ನಾನು ಕೊಟ್ಟೆ ಅಂದ್ರೆ ಕೊಟ್ಟ ಹಾಗೇನೆ. ಬರ್ಕೊಳ್ಳಿ ಮಿರ್ಜಾ, ಅದು ಹಾಜಿಯವರದು."

ಬಂಧುಗಳೇ, ಜಗತ್ತಿನಲ್ಲಿ ಹಸಿದವನಿಗೆ ರೊಟ್ಟಿ ಕೊಟ್ಟವರನ್ನು ಕಂಡಿದ್ದೇನೆ, ಬಾಯಾರಿದವನಿಗೆ ತನ್ನ ಪಾಲಿನ ನೀರು ಬಿಟ್ಟವರನ್ನು ಕಂಡಿದ್ದೇನೆ. ಬೇಕೆಂದು ಕೊಡದ ವಸ್ತುವನ್ನು, ಕೊಟ್ಟೆನೆಂದು ನಾಲಿಗೆ ಜಾರಿದ ಮೇಲೆ, ಆ ಜಾರಿದ ಮಾತನ್ನು ನಿಜ ಮಾಡಲಿಕ್ಕಾಗಿಯೇ ಕೊಟ್ಟ ಮನುಷ್ಯನನ್ನು ಕಂಡದ್ದು ಒಂದೇ ಸಲ. ಅವರ ತೋಳಿಗೆ ಆ ಮುದಿ ಕೈ ಮತ್ತೆ ಬಂದು ಸೇರಿದ್ದನ್ನು ಗಮನಿಸಿದವನು ನಾನೊಬ್ಬನೇ ಎಂದು ತೋರುತ್ತದೆ. ಉಳಿದವರೆಲ್ಲ ಹಾಜಿಯನ್ನು ಬೈಯುವುದರಲ್ಲಿ ಮಗ್ನರಾಗಿದ್ದರು.

ಗುಮಾಸ್ತರು ಹಾಜಿಯ ಹೆಸರು ಬರೆದು ಮರಳು ಉದುರಿಸಿದರು. ಮತ್ತೆ ಖೈರುಲ್ಲಾ ಅವರ ಕಡೆ ತಿರುಗಿ, "ನಿಮಗೇನು ಬರೀಲಿ?" ಎಂದರು.

ಹುಟ್ಟಿದಂದಿನಿಂದ ಖೈರುಲ್ಲಾ ಅವರ ಬಳಿ ಇದ್ದುದು ಅದೊಂದೇ ಹೆಸರು. ನೌರೂಜ್ ತಡೆಯಲಾರದೆ, "'ನೀವು ಮುಂದೆ' ಅಂತ ಬರೀರಿ, ಒಪ್ಪುತ್ತೆ" ಎಂದ. ಗುಮಾಸ್ತರು ನಗಲಿಲ್ಲ. ದಫ್ತರದ ಆ ಸಾಲನ್ನು ಖಾಲಿ ಬಿಡುವಂತಿರಲಿಲ್ಲ.

"ನೀವು ಇವರಿಗೆ ಹೆಸರು ಕೊಡುವಾಗ ಏನಂದ್ರಿ?"

"ಪೇಶ್‌ಕಶ್ ಅಂದೆ."

ಗುಮಾಸ್ತರು ಹಾಳೆಯ ಮೇಲಿನಿಂದ ಕೆಳಗೆ ಬೆರಳಾಡಿಸಿದರು. "ಈ ಊರಲ್ಲಿ ಆ ಹೆಸರು ಯಾರೂ ತಗೊಂಡಿಲ್ಲ" ಎಂದು ಹೇಳಿ, ಬರೆದು, ಮರಳು ಉದುರಿಸಿದರು. ಬಳಿಕ ಖಾಲಾ ಅವರತ್ತ, "ತಾಯಿ, ನಿಮ್ಮ ಮನೆತನ?"

"ನಾನಿರೋ ಮನೆಗೆ ಏನು ಬರೆದ್ರೋ ಅದೇ ಬರ್ಕೊಳಪ್ಪ" ಎಂದರು ಖಾಲಾ ಸಫಿಯ್ಯೆ. "ಬೇರೆ ಮನೆ ನನಗೆಲ್ಲಿದೆ?"

ಅಂದು ಗುಲಾಬತೂನ್ ತವರಿಗೆ ಹೋಗಲಿಲ್ಲ. ತವರು ಎರಡೇ ಓಣಿಯಾಚೆ ಇದ್ದುದರಿಂದ, ಅಲ್ಲಿಂದ ಬೈದರೆ ಗಂಡನಿಗೆ ಸರಿಯಾಗಿ ಕೇಳಿಸದೆಂದು ಇದ್ದಲ್ಲಿಯೇ ಬೈದರು. "ಹೋಗ್ಲಿ ಬಿಡಿ, ಮದುವೆ ದಿನ ಯಾರೂ ನನ್ನನ್ನ ಹೊಗಳಲಿಲ್ಲವಲ್ಲ, ಅದೇ ನನ್ನ ಪುಣ್ಯ. ಇಲ್ಲದಿದ್ರೆ ನನ್ನನ್ನೂ ಪೇಶ್‌ಕಶ್ ಅಂದು ಕಳಿಸಿಬಿಡ್ತಿದ್ರಿ!" ಎಂಬ ಮಾತು ನನ್ನ ಬಣ್ಣದ ತೊಟ್ಟಿಯವರೆಗೂ ಕೇಳಿಸಿತು. ಹತ್ತು ಮಗ್ಗದವರು ಬೈಯಲಿಲ್ಲ, ಅದು ಇನ್ನೂ ಕಷ್ಟ. ಅವರು ಬಂದು ತಣ್ಣಗೆ ಕುಳಿತು, ಚಹಾ ಕುಡಿದು, ಹವೆಯ ಬಗ್ಗೆ ಮಾತಾಡಿ ಎದ್ದು ಹೋದರು.

ಹಾಜಿ ಬರಾತ್ ಜೀಲೂಬಾಫರಿಗೂ ಹೆಸರು ಸುಖ ಕೊಡಲಿಲ್ಲ. ಓಣಿಯ ಹೆಂಗಸರು ಹರಿದ ಜೀಲೂಗಳನ್ನು ತಂದು ಅವರ ಮನೆಬಾಗಿಲಲ್ಲಿ ರಾಶಿ ಹಾಕಿ, "ಜೀಲೂಬಾಫ್ ಸಾಹೇಬ್ರೇ, ಶುಕ್ರವಾರದೊಳಗೆ ಹೊಲಿದು ಕೊಡಿ" ಎನ್ನತೊಡಗಿದರು. ಕೆರ್ಮಾನಿನ ವ್ಯಾಪಾರಿಯೊಬ್ಬ ನಂಬಿ ಬಂದು, ನಿಮ್ಮ ಮಗ್ಗವನ್ನು ತೋರಿಸಿ ಎಂದು ಹಟ ಹಿಡಿದ. ಹಾಜಿ ಅವನನ್ನು ಖೈರುಲ್ಲಾ ಅವರ ಕಾರ್ಖಾನೆಗೆ ಕರೆತಂದು, ಮಗ್ಗದ ಹಿಂಭಾಗವನ್ನು ತೋರಿಸಿ ಇದೇ ಮುಂಭಾಗ ಎಂದರು. ಖೈರುಲ್ಲಾ ಹಾಜಿಯನ್ನು ತಿದ್ದಲಿಲ್ಲ. ಅತಿಥಿಯ ಎದುರು ಮತ್ತೊಬ್ಬ ಅತಿಥಿಯನ್ನು ತಿದ್ದುವುದುಂಟೇ?

ಕಡೆಗೆ ಹಾಜಿ, ಬಹುಶಃ ಮನಸ್ಸಿನ ಭಾರ ಇಳಿಸಲೆಂದೇ, ಜುಮ್ಮಾ ಮಸೀದಿಗೆ ಒಂದು ದೊಡ್ಡ ಜೀಲೂ ವಕ್ಫ್ ಕೊಡುವೆನೆಂದರು. ನೇಯಬೇಕಾದವರು ಖೈರುಲ್ಲಾ. ನೂಲಿಗೆ ನೀಲಿ ಹಾಕಿದವನು ನಾನು. ಅದನ್ನು ನೇಯಲು ಹಿಡಿದ ನಾಲ್ಕು ತಿಂಗಳು ನಾನು ದಿನಕ್ಕೊಮ್ಮೆಯಾದರೂ ಕಾರ್ಖಾನೆಗೆ ಇಣುಕುತ್ತಿದ್ದೆ. ಅಂಚಿನ ಅಕ್ಷರಗಳ ಸರದಿ ಬಂದ ದಿನ ಗುಲಾಬತೂನ್ ಊಟದ ಬುತ್ತಿಯೊಂದಿಗೆ ಬಂದು ಮಗ್ಗದ ಮುಂದೆ ನಿಂತರು.

"ಕೊಟ್ಟವರು ಹಾಜಿ ಬರಾತ್ ಅಂತ ನೇಯ್ದು ಅಲ್ಲಿಗೇ ಬಿಡಿ. ಆ ಕೊನೇ ಪದ ಯಾಕೆ? ಯಾರು ಓದ್ತಾರೆ? ಅದರ ಮೇಲೆ ಓಡಾಡೋದು ಕಾಲುಗಳು."

"ಅವರ ಪೂರ್ತಿ ಹೆಸರು ಅದು ಕಣೇ."

"ನಿಮ್ಮ ಮುತ್ತಜ್ಜಂದು ಅದು!"

ಖೈರುಲ್ಲಾ ಕಬ್ಬಿಣದ ಹಣಿಗೆಯಿಂದ ಹೊಕ್ಕನ್ನು ಬಡಿದು ಬಡಿದು, ಒಂದೊಂದು ಅಕ್ಷರವನ್ನೂ ಅಂಗೈಯಷ್ಟು ಅಗಲ ಬರುವಂತೆ 'ಜೀಲೂಬಾಫ್' ಎಂದು ನೇಯ್ದರು. ನೀಲಿಯ ಮೇಲೆ ಬಿಳಿ. ಮೂಲೆಯಲ್ಲಿ, ಬೆರಳಗಲದಲ್ಲಿ, 'ಕೆಲಸ ಖೈರುಲ್ಲಾ ಪೇಶ್‌ಕಶನದು'.

ಶುಕ್ರವಾರ ಆ ಜೀಲೂವನ್ನು ಮಸೀದಿಯಲ್ಲಿ ಹಾಸಿದರು. ಹಾಜಿ ಅಂಚಿನುದ್ದಕ್ಕೂ ನಡೆದು ತಮ್ಮ ಹೆಸರನ್ನು ಓದಿದರು, ಮುಖ ಅರಳಿತು. ಬಳಿಕ ಮೂಲೆಯ ಬಳಿ ಬಗ್ಗಿ ಓದಿದರು. ಅಲ್ಲಿ ತುಂಬ ಹೊತ್ತು ಬಗ್ಗಿಯೇ ಇದ್ದರು. ಅವರಿಗೆ ಬೆನ್ನು ಹಿಡಿಯಿತೇನೋ ಎಂದು ನೌರೂಜ್ ಎಬ್ಬಿಸಲು ಹೋದ. ನಮಾಜು ಮುಗಿದೊಡನೆ ಹಾಜಿ ನನ್ನ ತೋಳು ಹಿಡಿದು, "ಮುಲ್ಲಾ, ನನ್ನ ಜೊತೆ ಬನ್ನಿ. ಒಬ್ಬನೇ ಹೋಗೋಕೆ ಮುಖ ಇಲ್ಲ" ಎಂದರು.

ಖೈರುಲ್ಲಾ ಅವರ ಕೋಣೆಯಲ್ಲಿ ನಾವು ಮೂವರು ಕುಳಿತೆವು. ಒಂದು ಮೂಲೆಯಲ್ಲಿ ಖಾಲಾ ನೂಲುತ್ತಿದ್ದರು. ಪರದೆಯ ಹಿಂದೆ ಚಹಾ ಲೋಟಗಳ ಸದ್ದು. ಗುಲಾಬತೂನ್ ಕಿವಿಗೊಟ್ಟಿದ್ದರೆಂದು ಅದರಿಂದಲೇ ತಿಳಿಯುತ್ತಿತ್ತು, ಏಕೆಂದರೆ ಹಾಜಿ ಬಾಯಿ ತೆರೆದೊಡನೆ ಸದ್ದು ನಿಂತಿತು.

"ಉಸ್ತಾದ್, ನಿಮ್ಮ ಹೆಸರು ವಾಪಸ್ ತಗೊಳ್ಳಿ. ಯಜ್ದಿಗೆ ಹೋಗಿ ಅರ್ಜಿ ಹಾಕಿ ಬದಲಾಯಿಸ್ಕೊಂಡು ಬರ್ತೀನಿ."

"ಛೆ ಛೆ, ಹಾಜಿ, ಇದೇನು ಮಾತು! ನಿಮ್ಮದು ನಿಮ್ಮ ಹತ್ತಿರವೇ ಇರಲಿ."

ಇದು ಮೊದಲನೆಯದು. ಎಲ್ಲರೂ ಹೀಗೆಯೇ ಅನ್ನುತ್ತಾರೆ. ಪರದೆಯ ಹಿಂದೆ ಯಾರೂ ಅಲುಗಲಿಲ್ಲ.

"ಇಲ್ಲ ಉಸ್ತಾದ್, ಮನಸಾರೆ ಹೇಳ್ತಿದ್ದೀನಿ. ತಗೊಳ್ಳಿ."

"ದೇವರಾಣೆಗೂ ಬೇಡ. ನಿಮಗೆ ಯಾಕೆ ಆ ಶ್ರಮ?"

ಇದು ಎರಡನೆಯದು. ಪರದೆಯ ಹಿಂದೆ ಒಂದು ಕೆಮ್ಮು ಕೇಳಿಸಿತು. ಬಹಳ ಅರ್ಥವುಳ್ಳ ಕೆಮ್ಮು. ಮೂರನೆಯ ಸಲವೇ ನಿಜವಾದದ್ದೆಂದು ನಮ್ಮ ಊರಿನಲ್ಲಿ ಹಾಲು ಕುಡಿಯುವ ಮಗುವಿಗೂ ಗೊತ್ತು. ಹಾಜಿ ಮುಂದಕ್ಕೆ ಬಾಗಿ ಖೈರುಲ್ಲಾ ಅವರ ಕೈ ಹಿಡಿದರು. ಕಣ್ಣಲ್ಲಿ ನೀರಿತ್ತು.

"ಮೂರನೇ ಸಲ ಕೇಳ್ತಿದ್ದೀನಿ. ತಗೊಂಡುಬಿಡಿ. ನನ್ನಿಂದ ಹೊರೋಕಾಗಲ್ಲ."

ಮೂಲೆಯಲ್ಲಿ ಕದಿರು ನಿಂತಿತು. ಖೈರುಲ್ಲಾ ಆ ಕಡೆ ಒಮ್ಮೆ ನೋಡಿದರು. ಬಳಿಕ ಹಾಜಿಯ ಕೈ ಬಿಡದೆ, ಮೆಲ್ಲಗೆ, ಒಂದೊಂದೇ ಮಾತನ್ನು ಹೊಕ್ಕಿನಂತೆ ಬಿಗಿಯುತ್ತ ಹೇಳಿದರು:

"ಹಾಜಿ, ಮೊದಲೆರಡು ಸಲ ನಾನು ಅಂದದ್ದು ಬಾಯಿಮಾತು. ಇದು ನಿಜ. ಆವತ್ತು ಕೊಟ್ಟೆ ಅಂದೆ, ಹೊಟ್ಟೇಲಿ ಉರೀತಿತ್ತು. ನಾಲ್ಕು ತಿಂಗಳು ನಿಮ್ಮ ಹೆಸರು ನೇಯ್ದೆ ನೋಡಿ, ಕೊನೇ ಅಕ್ಷರ ಮುಗಿಯೋ ಹೊತ್ತಿಗೆ ಉರಿ ಹೋಗಿತ್ತು. ಈಗ ಅದು ನಿಮ್ಮದೇ. ಈಗ ವಾಪಸ್ ತಗೊಂಡ್ರೆ ಕೊಟ್ಟದ್ದೇ ಸುಳ್ಳಾಗುತ್ತೆ. ನಮ್ಮ ಮನೇಲಿ ಕೊಟ್ಟದ್ದನ್ನ ವಾಪಸ್ ತಗೊಳ್ಳಲ್ಲ."

ಹಾಜಿ ತಲೆ ತಗ್ಗಿಸಿದರು. ಪರದೆ ಸರಿಯಿತು. ಚಹಾ ತಟ್ಟೆ ಹಿಡಿದು ಬಂದ ಗುಲಾಬತೂನ್ ತಟ್ಟೆಯನ್ನು ನೆಲಕ್ಕಿಟ್ಟು, ಗಂಡನನ್ನು ಮೇಲಿಂದ ಕೆಳಗೆ ನೋಡಿದರು.

"ನಲವತ್ತು ವರ್ಷದಲ್ಲಿ ಒಂದೇ ಒಂದು ಸಲ ಬಾಯಿಮಾತು ಬಿಟ್ಟು ಮನಸ್ಸಿನ ಮಾತು ಆಡಿದ್ರಿ" ಎಂದರು. "ಅದು ಇವತ್ತೇ ಆಗಬೇಕಿತ್ತಾ?"

ಆದರೆ ಸಕ್ಕರೆಯ ಬಟ್ಟಲನ್ನು ಗಂಡನ ಕೈಗೆ ಹತ್ತಿರ ಸರಿಸಿದರು. ನಾನು ನೋಡಿದೆ.

ಚಹಾ ಮುಗಿಸಿ ನಾವು ಎದ್ದೆವು, ಓಣಿಯವರೆಗೆ ಕಳಿಸಲು ಖೈರುಲ್ಲಾ ಜೊತೆಗೆ ಬಂದರು. ಹೊರಬಾಗಿಲಿಗೆ ಹೋಗುವ ದಾರಿಯಲ್ಲಿ ಖಾಲಾ ಅವರ ಕೋಣೆ ಕಾಣಿಸಿತು. ಬಾಗಿಲ ಪಕ್ಕದಲ್ಲಿ ಎರಡು ವರ್ಷದಿಂದ ಇದ್ದ ಗಂಟು ಅಲ್ಲಿರಲಿಲ್ಲ. ಅದನ್ನು ಕಟ್ಟಿದ್ದ ಬಟ್ಟೆ ಒಗೆದು ಕಿಟಕಿಗೆ ಪರದೆಯಾಗಿತ್ತು. ಅಷ್ಟರಲ್ಲಿ ಹೊರಬಾಗಿಲು ಬಂತು, ಮತ್ತು ಆಗಬೇಕಾದದ್ದೇ ಆಯಿತು.

"ಹಾಜಿ, ನೀವು ಮುಂದೆ."

"ಉಂಟಾ ಉಸ್ತಾದ್? ಇವತ್ತು ನಾನು ನಿಮಗಿಂತ ಮುಂದೆ ಹೋಗೋದಾ? ನೀವು ಮುಂದೆ."

"ಸಾಧ್ಯವೇ ಇಲ್ಲ. ಅತಿಥಿ ನೀವು."

"ಹಿರಿಯರು ನೀವು."

ನಾನು ಇಬ್ಬರ ಹಿಂದೆ ಸಿಕ್ಕಿಕೊಂಡು ಮಧ್ಯಾಹ್ನದ ಊಟವನ್ನು ನೆನೆಯುತ್ತ ನಿಂತೆ. ಮರುಭೂಮಿಯ ಗಾಳಿ ತೆರೆದ ಬಾಗಿಲಿನಿಂದ ಅಂಗಳಕ್ಕೆ ಮರಳನ್ನು ತರುತ್ತಿತ್ತು. ಆಗ ಒಳಗಿನಿಂದ ಖಾಲಾ ಸಫಿಯ್ಯೆಯವರ ಧ್ವನಿ ಬಂತು. ಮನೆಯ ಯಜಮಾನಿಯ ಧ್ವನಿ, ಸಂಕೋಚದ ಎಳೆಯೂ ಇಲ್ಲದ್ದು:

"ಯಾರಾದ್ರೂ ಒಬ್ಬರು ಹೋಗ್ರಪ್ಪಾ! ನನ್ನ ಮನೆಗೆಲ್ಲ ಮಣ್ಣು ತುಂಬ್ತಿದೆ, ಬಾಗಿಲು ಹಾಕಿ!"